ಹಿಮ್ಮಡಿಯ ಹೊಲಿಗೆ

ನನ್ನ ಅಕ್ಕನಿಗೆ ಮೂಗಿನ ತುದಿಯಲ್ಲೇ ಕೋಪ. ಗಿರಾಕಿ ಕೊಳಕು ಬೂಟು ತಂದರೆ, "ಮೊದ್ಲು ಒರೆಸ್ಕೊಂಡು ಬನ್ನಿ, ಇದು ಬೂಟಿನಂಗಡಿ, ಕೆಸರಿನ ಹೊಂಡ ಅಲ್ಲ" ಎಂದು ಬಾಗಿಲಲ್ಲೇ ತಿರುಗಿಸಿ ಕಳಿಸುತ್ತಾಳೆ. ಆದರೂ ಜನ ಅವಳನ್ನು ಬಿಟ್ಟು ಬೇರೆ ಕಡೆ ಹೋಗುವುದಿಲ್ಲ. ಕೆಲಸ ಅಷ್ಟು ಅಚ್ಚುಕಟ್ಟು. ಅದನ್ನು ಕಲಿಸಿದವರು ಅಪ್ಪ. ಎಂಬತ್ತು ದಾಟಿದ ಮೇಲೂ ಅವಳ ಪಕ್ಕದಲ್ಲಿ ಕೂತು ದಾರಕ್ಕೆ ಮೇಣ ಉಜ್ಜುತ್ತಾ, ಅವಳ ಹೊಲಿಗೆಯಲ್ಲಿ ಕೊಂಕು ಹುಡುಕುತ್ತಿದ್ದರು.

ಅಪ್ಪನಿಗೆ ಇದ್ದ ಒಂದೇ ಚಟವೆಂದರೆ ಒಬ್ಬ ಇತಿಹಾಸಕಾರರ ಪುಸ್ತಕಗಳು. ಹಿಮದಲ್ಲಿ, ಕೊರೆಯುವ ಚಳಿಯಲ್ಲಿ ನಡೆದ ಕದನಗಳನ್ನಷ್ಟೇ ಅವರು ಬರೆಯುವುದು. ಗ್ರಂಥಾಲಯದಲ್ಲಿ ಕೆಲಸ ಮಾಡುವ ನಾನು ಹೊಸ ಸಂಪುಟ ಬಂದ ಕೂಡಲೇ ಮೊದಲು ಅಪ್ಪನ ಕೈಗೆ ಕೊಡುತ್ತಿದ್ದೆ. ಕಳೆದ ವರ್ಷವೂ ಕೊಟ್ಟೆ, ಬುದ್ಧಿಯಿಲ್ಲದವನು.

ಅದು ಅಪ್ಪನ ಹರೆಯದಲ್ಲಿ ನಡೆದ ಯುದ್ಧದ ಕತೆ. ಆಗ ಅಪ್ಪ ಸೈನಿಕರ ಬೂಟು ತಯಾರಿಸುವ ಕಾರ್ಖಾನೆಯಲ್ಲಿದ್ದರು. ಹಿಮ್ಮಡಿಯ ಹೊಲಿಗೆ ಅವರ ಪಾಲಿನ ಕೆಲಸ. ಇತಿಹಾಸಕಾರರು ಬರೆದಿದ್ದರು: ಕೆಲಸಗಾರರ ಕಾಟಾಚಾರದ ಕೆಲಸದಿಂದ ಹಿಮ್ಮಡಿಗಳು ಬಿಚ್ಚಿಕೊಂಡು, ಹಿಮ ಒಳಗೆ ನುಗ್ಗಿ ನೂರಾರು ಸೈನಿಕರು ಕಾಲು ಕಳೆದುಕೊಂಡರು. ಅಪ್ಪ ಪುಸ್ತಕ ಮುಚ್ಚಿದರು. ಮರುದಿನ ಅಂಗಡಿಗೆ ಬರಲಿಲ್ಲ. ತಿಂಗಳಾದರೂ ಬರಲಿಲ್ಲ. ಅಕ್ಕ ದಬ್ಬಣ ಕೊಟ್ಟರೆ, "ಈ ಕೈಗೆ ಅದು ಬೇಡಮ್ಮ" ಎನ್ನುತ್ತಿದ್ದರು. ಊಟವೂ ಅಷ್ಟಕ್ಕಷ್ಟೇ. ಹೀಗೇ ಕೊರಗಿ ಹೋಗಿಬಿಡುತ್ತಾರೆಂದು ನನಗೆ ನಿಜಕ್ಕೂ ಭಯವಾಯಿತು.

ಅಕ್ಕ ಅಳುತ್ತಾ ಕೂರುವವಳಲ್ಲ. ಪುಸ್ತಕದಲ್ಲಿ ಹಿಮ್ಮಡಿ ಬಿಚ್ಚಿದ ಆ ಬೂಟುಗಳ ಛಾಯಾಚಿತ್ರವಿತ್ತು. ಅದನ್ನು ಭೂತಗನ್ನಡಿ ಹಿಡಿದು ನೋಡಿದಳು. ಆಮೇಲೆ ನನ್ನ ಕತ್ತು ಹಿಡಿದು ಅದರ ಮೇಲೆ ಬಗ್ಗಿಸಿದಳು.

"ನೋಡೋ. ದಾರ ತಾನಾಗಿ ಹರಿದ್ರೆ ತುದಿ ನಾರುನಾರಾಗಿರುತ್ತೆ. ಇಲ್ಲಿ ಎಲ್ಲಾ ತುದೀನೂ ಸಮ ಇದೆ. ಇದು ಬಿಚ್ಕೊಂಡಿದ್ದಲ್ಲ, ಯಾರೋ ಚಾಕುವಿಂದ ಕೊಯ್ದಿದ್ದು."

ಮುಂದಿನ ವಾರ ಇತಿಹಾಸಕಾರರ ಉಪನ್ಯಾಸ ನಮ್ಮ ಗ್ರಂಥಾಲಯದಲ್ಲೇ ಇತ್ತು. ಪ್ರಶ್ನೆ ಕೇಳಿ ಎಂದದ್ದೇ ತಡ, ಅಕ್ಕ ಎದ್ದಳು. ಕಂಕುಳಲ್ಲಿ ಪುಸ್ತಕ, ಕೈಯಲ್ಲಿ ಅಪ್ಪ ಕಾರ್ಖಾನೆ ಬಿಡುವಾಗ ತಂದಿಟ್ಟುಕೊಂಡಿದ್ದ ಅದೇ ಮಾದರಿಯ ಸೈನಿಕರ ಬೂಟು. ನಾನು ಕುರ್ಚಿಯಲ್ಲೇ ಕುಗ್ಗಿಹೋದೆ.

ಅವಳು ತೋರಿಸಿದ ದಾರದ ತುದಿಗಳನ್ನು ನೋಡಿ ಇತಿಹಾಸಕಾರರು ಕೇಳಿದರು, "ಸರಿ ಕಣಮ್ಮ, ಕೊಯ್ದಿದ್ದೇ ಇರಬಹುದು. ಆದ್ರೆ ಆ ಚಳೀಲಿ ತಮ್ಮ ಬೂಟನ್ನ ತಾವೇ ಯಾರು ಕೊಯ್ಕೋತಾರೆ?"

"ಎರಡು ಜೊತೆ ಉಣ್ಣೆ ಕಾಲುಚೀಲ ಹಾಕ್ಕೊಂಡು ಇದನ್ನ ಹಾಕ್ಕೊಳ್ಳಿ ಸರ್. ಅಳತೆ ನಿಮ್ಮದೇ. ಆಗಿಂದ ನಿಮ್ಮ ಕಾಲನ್ನೇ ನೋಡ್ತಿದ್ದೆ."

ಕಾಲುಚೀಲವನ್ನೂ ಅವಳೇ ತಂದಿದ್ದಳು. ಅಷ್ಟು ದೊಡ್ಡ ಮನುಷ್ಯರು ವೇದಿಕೆಯ ಮೇಲೆ ಒಂಟಿಕಾಲಲ್ಲಿ ಕುಣಿದರು, ಎಳೆದರು, ಬೆವರಿದರು. ಕಾಲು ಒಳಗೆ ಹೋಗಲಿಲ್ಲ. ಒಂದು ಚೀಲ ತೆಗೆದರೆ ಸಲೀಸಾಗಿ ಹೋಯಿತು.

"ಮೇಲಿಂದ ಬಂದ ಅಳತೆ ಅದು. ಚಳಿಗೆ ಎರಡನೇ ಚೀಲ ಬೇಕಾಗುತ್ತೆ ಅಂತ ಅಳತೆ ಕೊಟ್ಟೋರಿಗೆ ಹೊಳೀಲೇ ಇಲ್ಲ. ಅದಕ್ಕೇ ಪಾಪ ಅವರು ಹಿಮ್ಮಡಿ ಕೊಯ್ದು ಕಾಲು ತೂರಿಸ್ಕೊಂಡ್ರು" ಎಂದಳು ಅಕ್ಕ.

ಸಭೆ ನಗುತ್ತಿತ್ತು, ಅವರು ನಗಲಿಲ್ಲ. "ಹಿಮ್ಮಡಿಗೆ ಬಟ್ಟೆ ಸುತ್ಕೊಂಡ್ವಿ ಅಂತ ಎಷ್ಟೋ ಸೈನಿಕರ ಕಾಗದದಲ್ಲಿ ಓದಿದ್ದೆ. ಯಾಕೆ ಅಂತ ಯೋಚನೆ ಮಾಡ್ಲಿಲ್ಲ" ಎಂದರು.

ಮರುದಿನ ಬೆಳಿಗ್ಗೆ ಅವರು ಮನೆಗೇ ಬಂದರು. ಅಪ್ಪನ ಮಂಚದ ಪಕ್ಕ ಕೂತು ನಡೆದದ್ದನ್ನೆಲ್ಲ ಹೇಳಿ, "ತಪ್ಪು ನನ್ನದು ಯಜಮಾನ್ರೇ. ಮುಂದಿನ ಮುದ್ರಣದಲ್ಲಿ ತಿದ್ತೀನಿ" ಎಂದರು. ಅಕ್ಕ ಯುದ್ಧ ಗೆದ್ದವಳಂತೆ ಬಾಗಿಲಲ್ಲಿ ನಿಂತಿದ್ದಳು.

ಅಪ್ಪ ಪುಸ್ತಕದ ಮಾತೇ ಎತ್ತಲಿಲ್ಲ. "ಕೊಯ್ಕೊಂಡ ಮೇಲೆ ಆ ಹುಡುಗ್ರ ಕಾಲು ಉಳೀತಾ?" ಎಂದು ಕೇಳಿದರು.

ಅಪ್ಪ ಇಷ್ಟು ದಿನ ಕೊರಗಿದ್ದು ತಮ್ಮ ಮರ್ಯಾದೆಗಾಗಿ ಎಂದುಕೊಂಡಿದ್ದ ನಾವಿಬ್ಬರೂ ಶುದ್ಧ ದಡ್ಡರು.

"ಎಲ್ಲರದ್ದೂ ಅಂತ ಹೇಳಲಾರೆ. ತುಂಬಾ ಜನರದ್ದು ಉಳೀತು. ನಡ್ಕೊಂಡೇ ವಾಪಸ್ ಬಂದ್ರು. ಆ ಕಾಗದ ಬರೆದವರು ಅವರೇ."

ಅಪ್ಪ ಎದ್ದು, ಅಂಗಡಿಗೆ ಹೋಗಲು ಚಪ್ಪಲಿ ಹುಡುಕತೊಡಗಿದರು.

"ಕೊಯ್ಯೋಕೆ ಕಷ್ಟ ಆಗಿರುತ್ತೆ, ಪಾಪ" ಎಂದರು. "ನಾನು ಹೊಲಿಗೆ ಬಹಳ ಗಟ್ಟಿ ಹಾಕ್ತಿದ್ದೆ."