ಜಡೆ ಹಾಕಿಸಿಕೊಂಡಿದ್ದ ಮಗ

ಎರಡು ಗಂಡುಕೂಸುಗಳನ್ನು ಮಣ್ಣಿಗೆ ಕೊಟ್ಟ ಮೇಲೆ ಚನ್ನಾಜಮ್ಮನಿಗೆ ಉಳಿದವನು ನಂಜುಂಡ. ಅವನು ಉಳಿಯಲೆಂದೇ ಹರಕೆ ಹೊತ್ತು, ಐದು ವರ್ಷ ಅವನ ತಲೆಗೆ ಕತ್ತರಿ ಸೋಕಿಸಿರಲಿಲ್ಲ. ಮುಡುಕುತೊರೆ ಕಡೆಯ ಅವಳೂರಲ್ಲಿ ಮುಡಿ ಕೊಡುವ ಮುಂಚೆ ಗಂಡುಮಕ್ಕಳಿಗೂ ಮೊಗ್ಗಿನ ಜಡೆ ಹೆಣೆದು, ಲಂಗ ತೊಡಿಸಿ ಒಂದು ಫೋಟೊ ತೆಗೆಸುವುದು ವಾಡಿಕೆ. ೧೯೯೭ರ ಒಂದು ಸೋಮವಾರ ನಂಜನಗೂಡಿನ ಸ್ಟುಡಿಯೊದಲ್ಲಿ ಅದೂ ಆಯಿತು. ಬೆನ್ನಿನ ಜಡೆ ಕಾಣಲೆಂದು ಹಿಂದೆ ಕನ್ನಡಿ ನಿಲ್ಲಿಸಿದ್ದರು. ನಂಜುಂಡ ಮುಖ ಊದಿಸಿಕೊಂಡಿದ್ದ.

“ನಾನೇನ್ ಎಣ್ಣಾ? ಬಿಚ್ಚವ್ವಾ ಇದ್ನ.”

“ಒಂದ್ ಗಳಿಗೆ ತಡ್ಕೊ ನನ್ನಪ್ಪಾ. ಆಮೇಲೆ ನೀನೇ ನಮ್ಮನೆ ಯಜಮಾನ,” ಎಂದು ಚನ್ನಾಜಮ್ಮ ನಕ್ಕಳು.

ಮಧ್ಯಾಹ್ನ ಕಪಿಲೆಯ ಸ್ನಾನಘಟ್ಟದಲ್ಲಿ ಮುಡಿ ಇಳಿಯಿತು. ಚಡ್ಡಿ ಅಂಗಿ ತೊಟ್ಟ ಹುಡುಗ ಬಸ್ ನಿಲ್ದಾಣದವರೆಗೂ ಅವಳ ಸೆರಗು ಹಿಡಿದೇ ನಡೆದ. ನರಸೀಪುರದ ಬಸ್ಸಿಗೆ ಜನ ನುಗ್ಗಿದಾಗ ಸೆರಗು ಹಗುರಾಯಿತು. ನಿಲ್ದಾಣದ ತುಂಬ ಅಂದು ಮುಡಿ ಕೊಟ್ಟ ಮಕ್ಕಳೇ. ಕಂಡ ಕಂಡ ಬೋಳುತಲೆಯನ್ನೆಲ್ಲ ಹಿಡಿದು ತಿರುಗಿಸಿ ನೋಡಿದಳು. ಯಾವುದೂ ಅವಳದಲ್ಲ.

ಪೊಲೀಸರು ಅಂದು ಏನನ್ನೂ ಬರೆದುಕೊಳ್ಳಲಿಲ್ಲ. “ಎಲ್ಲೋ ಆಡ್ಕೊಂಡಿರ್ತದೆ, ಬತ್ತದೆ. ಬರ್ನಿಲ್ಲ ಅಂದ್ರೆ ಫೋಟೊ ತಕಬಾ.” ಗಂಡ ಶಿವಸ್ವಾಮಿ ವಾರದ ಮೇಲೆ ಸ್ಟುಡಿಯೊದಿಂದ ಫೋಟೊ ಬಿಡಿಸಿ ತಂದ. ಆ ಮಗುವಿನದೆಂದು ಇದ್ದದ್ದು ಅದೊಂದೇ.

“ಲಕ್ಷಣವಾಗೈತೆ ಕೂಸು. ಎಸ್ರು?” ಎಂದ ಹೆಡ್ ಕಾನ್‌ಸ್ಟೇಬಲ್.

“ನಂಜು ಅಂತೀವಿ ಸಾ. ತಲೆ ಬೋಳ್ಸೈತೆ, ಅವತ್ತೇ ಮುಡಿ ಕೊಟ್ಟೋ,” ಎಂದಳು ಚನ್ನಾಜಮ್ಮ.

ಹೆಣ್ಣುಮಕ್ಕಳೂ ಮುಡಿ ಕೊಡುವ ಊರು. ಅವನು ಫೋಟೊ ನೋಡಿಕೊಂಡೇ ಬರೆದು ಮುಗಿಸಿದ. ಕೊನೆಗೂ ಬರೆದುಕೊಂಡರಲ್ಲ ಎಂಬ ಸಮಾಧಾನದಲ್ಲಿ, ಓದು ಬಾರದ ಚನ್ನಾಜಮ್ಮ ಹೆಬ್ಬೆಟ್ಟು ಒತ್ತಿದಳು.

ಆಮೇಲೆ ಎರಡು ವರ್ಷ ನಾಟಿ, ಕಳೆ, ಕುಯ್ಲಿನ ನಡುವೆ ಬಿಡುವಾದಾಗಲೆಲ್ಲ ಠಾಣೆಯ ಜಗಲಿ. “ಹುಡುಕ್ತಾ ಇದೀವಿ ಹೋಗಮ್ಮ, ಠಾಣೆ ಇರೋದು ನಿಂಗೊಬ್ಳಿಗೇನಾ?” ಶಿವಸ್ವಾಮಿ ನಮ್ಮ ಗ್ರಾಚಾರ ಎಂದು ಕೈಚೆಲ್ಲಿದ. ಇವಳು ಬಿಡಲಿಲ್ಲ. ನಂಜನಗೂಡಿನವಳೇ ಆದ ವಕೀಲೆ ಸುಚೇತಾಳ ಮನೆ ಬಾಗಿಲಲ್ಲಿ ಕೂತಳು. ಮಗುವನ್ನು ತಂದು ಹಾಜರುಪಡಿಸಲು ಪೊಲೀಸರಿಗೆ ಹೇಳಿ ಎಂದು ಸುಚೇತಾ ಹೈಕೋರ್ಟಿನಲ್ಲಿ ಅರ್ಜಿ ಹಾಕಿದಳು.

ವಿಚಾರಣೆಯ ದಿನ ಸರ್ಕಾರದ ವಕೀಲರು ಪೊಲೀಸರ ವರದಿಯನ್ನು ಇಂಗ್ಲಿಷಿನಲ್ಲಿ ಓದಿದರು. ಸುಚೇತಾ ತಟ್ಟನೆ ಎದ್ದಳು. ಅರ್ಜಿಯಲ್ಲಿರುವುದು ಮಗ, ಹೆಣ್ಣುಮಕ್ಕಳ ಆಶ್ರಯಧಾಮಗಳನ್ನೆಲ್ಲ ಜಾಲಾಡಿದೆವು ಎನ್ನುತ್ತಾರಲ್ಲ, ಇವರು ಹುಡುಕಿದ್ದು ಯಾರನ್ನು? ನ್ಯಾಯಾಧೀಶರು ಫೋಟೊ ಎತ್ತಿ ಹಿಡಿದು, ಕನ್ನಡದಲ್ಲೇ ಕೇಳಿದರು.

“ಇದು ಯಾರಮ್ಮಾ?”

“ನನ್ ಮಗ ಬುದ್ಧೀ. ಮುಡಿ ಕೊಡಕ್ ಮುಂಚೆ ಜಡೆ ಆಕ್ಸಿದ್ದು.”

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ನ್ಯಾಯಾಧೀಶರು ನಗಲಿಲ್ಲ. ಮತ್ತೆ ಮೊದಲಿಂದ ಹುಡುಕಿ, ತಿಂಗಳು ತಿಂಗಳೂ ಬಂದು ವರದಿ ಒಪ್ಪಿಸಿ ಎಂದು ಆಜ್ಞೆಯಾಯಿತು.

ಹೊರಗೆ ಇನ್‌ಸ್ಪೆಕ್ಟರು ಹಲ್ಲು ಕಡಿದರು. “ಗಂಡ್ ಮಗಿಗೆ ಲಂಗ ಹಾಕ್ಬುಟ್ಟು, ಈಗ ನಮ್ ಮಾನ ಕಳೀತೀಯಲ್ಲಮ್ಮ!”

“ಒಂದ್ ಮಾತ ಕೇಳಿದ್ರೆ ಏಳ್ತಿರ್ನಿಲ್ವಾ ಸಾ?” ಎಂದಳು ಚನ್ನಾಜಮ್ಮ.

ಎರಡು ವರ್ಷದಲ್ಲಿ ಆಗದ ಕೆಲಸ ಹದಿನೈದು ದಿನದಲ್ಲಿ ಆಯಿತು. ನಂಜುಂಡ ಮೈಸೂರಿನಲ್ಲಿದ್ದ. ಬಸ್ ನಿಲ್ದಾಣದಲ್ಲಿ ಕಳೆದುಹೋದ ಆ ವಾರವೇ ಯಾರೋ ಅವನನ್ನು ಅಲ್ಲಿನ ಹುಡುಗರ ಆಶ್ರಯಧಾಮವೊಂದಕ್ಕೆ ಸೇರಿಸಿದ್ದರು. ಹೆಸರು ನಂಜು, ಊರಲ್ಲಿ ಬೆಟ್ಟ ಐತೆ, ಒಳೆ ಐತೆ ಎನ್ನುತ್ತಿದ್ದನಂತೆ. ಆಶ್ರಯಧಾಮದವರು ನಂಜನಗೂಡಿನ ಪೊಲೀಸರನ್ನು ಕೇಳಿಯೂ ಇದ್ದರು. ನಮ್ಮ ಕಡೆಯಿಂದ ಕಾಣೆಯಾದದ್ದು ಹೆಣ್ಣುಮಗು ಎಂದು ಉತ್ತರ ಹೋಗಿತ್ತು. ಅರ್ಜಿ ವಿಚಾರಣೆಗೆ ಬರುವ ಹೊತ್ತಿಗೆ ಅವನು ಇಬ್ಬರು ದೊಡ್ಡ ಹುಡುಗರ ಜೊತೆ ಗೋಡೆ ಹಾರಿ ಹೋಗಿ ಮೂರು ತಿಂಗಳಾಗಿತ್ತು.

ವರದಿಗಳು ಬಂದವು. ಈ ಸಲ ಎಲ್ಲದರಲ್ಲೂ ಗಂಡು ಎಂದು ಸರಿಯಾಗಿ ಬರೆದಿತ್ತು. ವರ್ಷ ಕಳೆದ ಮೇಲೆ, ಪೊಲೀಸರು ಮಾಡಬಹುದಾದ್ದನ್ನೆಲ್ಲ ಮಾಡಿದ್ದಾರೆಂದು ಕೋರ್ಟು ಅರ್ಜಿಯನ್ನು ಮುಗಿಸಿತು.

“ಸುಳಿವು ಸಿಕ್ಕಿದ್ರೆ ಮತ್ತೆ ಅರ್ಜಿ ಹಾಕಬಹುದು ಚನ್ನಾಜಮ್ಮ,” ಎಂದಳು ಸುಚೇತಾ, ಅವಳ ಮುಖ ನೋಡದೆ.

“ಸುಳಿವ್ ಉಡುಕೋರು ಯಾರು ಮೇಡಮ್ಮೋರೆ?”

ಆದರೂ ಒಂದು ಆಸೆಯಿತ್ತು. ಬೆಟ್ಟ, ಹೊಳೆ ನೆನಪಿಟ್ಟುಕೊಂಡವನು ಕೇಳಿಕೊಂಡು ಬಂದಾನು. ಗದ್ದೆಗೆ ಹೋಗುವಾಗ ಬೀಗದ ಕೈಯನ್ನು ಪಕ್ಕದ ಮನೆಯವಳಿಗೆ ಕೊಟ್ಟು, “ಬಂದ್ರೆ ಬಾಗ್ಲು ತಗದ್ಕೊಡವ್ವ, ಮಡಕೆಲಿ ಅನ್ನ ಐತೆ. ಉಪ್ಪೆಸ್ರು ಕಾರ, ಮೊಸ್ರು ಆಕ್ಕೊಡು,” ಎನ್ನುತ್ತಿದ್ದಳು.

ಒಂದು ದಿನ ತಾನೇ ಬಸ್ಸು ಹತ್ತಿ ಆ ಆಶ್ರಯಧಾಮಕ್ಕೆ ಹೋದಳು. ಸಾಹೇಬರು ಇರಲಿಲ್ಲ. ಅಡುಗೆಯ ಪುಟ್ಟಬಸಮ್ಮ ಒಲೆ ಮುಂದೆ ಕೂರಿಸಿ ಟೀ ಕೊಟ್ಟಳು.

“ಚೆನ್ನಾಗ್ ಉಣ್ತಿದ್ನಾ ಅಕ್ಕಾ?”

“ಉಣ್ತಿದ್ದ ಕಣವ್ವ. ಮೊದಮೊದ್ಲು ಗೇಟ್ ಸದ್ದಾದ್ರೆ ಸಾಕು, ನಮ್ಮವ್ವ ಬಂದ್ಲು ಅಂತ ತಟ್ಟೆ ಬಿಟ್ ಓಡೋನು.”

“ಆಮೇಲೆ?”

ಪುಟ್ಟಬಸಮ್ಮ ಸೌದೆ ಒಳಕ್ಕೆ ನೂಕಿದಳು. “ಆಮೇಲೆ ಓಡೋದ್ ಬಿಟ್ಟ. ಯಾರಾರ ಕೇಳಿದ್ರೆ, ನಮ್ಮವ್ವ ಸತ್ತೋದ್ಲು ಅನ್ನೋನು.”

ಚನ್ನಾಜಮ್ಮ ಟೀ ಲೋಟ ಕೆಳಗಿಟ್ಟಳು.

“ಅಂಗಾರೆ ಅವ್ನು ಊರ್ ಕಡೀಕೆ ಬರಕ್ಕಿಲ್ಲ,” ಎಂದಳು.