ಗೇರುಬೀಜದ ಸೊನೆಗೆ ವೈದ್ಯರ ಪ್ರಮಾಣಪತ್ರ

ಬೇಸಿಗೆ ಶಿಬಿರಗಳಿಂದ ಮಕ್ಕಳಿಗಾಗುವ ಪ್ರಯೋಜನಗಳ ಕುರಿತು ಸ್ಮರಣ ಸಂಚಿಕೆಗೆ ಕೆಲವು ಪುಟ ಬರೆದುಕೊಡುವಂತೆ ನಮ್ಮೂರಿನ ಸಂಘದವರು ನನ್ನನ್ನು ಕೇಳಿಕೊಂಡಿದ್ದಾರೆ. ಈವರೆಗೆ ನಾನು ಬರೆದದ್ದೆಲ್ಲ ಶಿಕ್ಷಣ ಇಲಾಖೆಗೆ ಕಳುಹಿಸುವ ಪತ್ರಗಳು, ವರದಿಗಳು ಮತ್ತು ರಜೆಯ ಅರ್ಜಿಗಳು ಮಾತ್ರ. ಆದುದರಿಂದ ಈ ಬರಹದಲ್ಲಿ ಕಚೇರಿಯ ಭಾಷೆ ಕಂಡುಬಂದಲ್ಲಿ ಓದುಗರು ಮನ್ನಿಸಬೇಕಾಗಿ ವಿನಂತಿ. ಸಿಟ್ಟು ಕಂಡುಬಂದಲ್ಲಿ ಅದಕ್ಕೆ ಕ್ಷಮೆ ಕೇಳುವುದಿಲ್ಲ.

ಈಗ ಏಪ್ರಿಲ್ ಬಂತೆಂದರೆ ಬಂಟ್ವಾಳದಿಂದ ಮೂಡುಬಿದಿರೆಯವರೆಗೆ ಬಸ್ ನಿಲ್ದಾಣದ ಕಂಬಗಳಲ್ಲೆಲ್ಲ ಶಿಬಿರದ ಕರಪತ್ರಗಳು ತೂಗುತ್ತವೆ. ಪ್ರಯೋಜನಗಳನ್ನು ಅವುಗಳಲ್ಲಿಯೇ ಅಚ್ಚುಮಾಡಿರುತ್ತಾರೆ. ಅವುಗಳನ್ನು ನಕಲು ಮಾಡಿ ಕೊಡಲು ನನ್ನಿಂದ ಸಾಧ್ಯವಿಲ್ಲ. ಇದೇ ಸಂಘವು ತೊಂಬತ್ತರ ದಶಕದ ಕೊನೆಯಲ್ಲಿ ವೇಣೂರಿನಲ್ಲಿ ನಡೆಸಿದ ಮೊದಲ ಶಿಬಿರದಲ್ಲಿ ಏನಾಯಿತೆಂಬುದನ್ನು ಮಾತ್ರ ಬರೆಯಬಲ್ಲೆ. ಆ ಶಿಬಿರದ ಪತ್ರವ್ಯವಹಾರವೆಲ್ಲ ನನ್ನ ಕೈಯಲ್ಲಿತ್ತು.

ಆಗ ನಾನು ಅಳದಂಗಡಿಯ ಕಡೆಯ ಒಂದು ಸರ್ಕಾರಿ ಶಾಲೆಯಲ್ಲಿ ಶಿಕ್ಷಕಿಯಾಗಿ ಸೇರಿ ಎರಡನೆಯ ವರ್ಷ. ನಮ್ಮ ಮಕ್ಕಳಿಗೆ ಬೇಸಿಗೆ ರಜೆಯೆಂದರೆ ಗುಡ್ಡೆಯ ಗೇರುಮರಗಳ ಬುಡ. ಶಿಬಿರವೆಂಬ ಹೆಸರನ್ನೇ ಅವರು ಕೇಳಿರಲಿಲ್ಲ. ಹತ್ತು ದಿನ, ಉಚಿತ, ಮಧ್ಯಾಹ್ನ ಊಟ ಉಂಟು ಎಂದು ಹೇಳಿಕೊಂಡು ಮನೆಮನೆಗೆ ನಡೆದೆ. ನನಗೆ ಅದರಲ್ಲಿ ನಂಬಿಕೆಯಿತ್ತು, ಈಗಲೂ ಉಂಟು. ಅದಕ್ಕೆ ಕಾರಣ ನನ್ನ ಐದನೆಯ ತರಗತಿಯ ಒಬ್ಬಳು ಹುಡುಗಿ. ತರಗತಿಯಲ್ಲಿ ಪ್ರಶ್ನೆ ಕೇಳಿದರೆ ಬಾಯಿ ತೆರೆಯದೆ ಹುಬ್ಬು ಎತ್ತಿಯೇ ಉತ್ತರಿಸುತ್ತಿದ್ದ ಅವಳು, ಶಿಬಿರದ ಎರಡನೆಯ ದಿನ ಆವೆಮಣ್ಣಿನಿಂದ ಒಂದು ಬಸ್ಸು ಮಾಡಿದಳು. ಹಿಂದಿನ ಬಾಗಿಲಿನಲ್ಲಿ ಒಂದು ಕಾಲು ಹೊರಗೆ ಬಿಟ್ಟು ನೇತಾಡುವ ಕಂಡಕ್ಟರ್ ಇದ್ದ. ಕಂಕುಳಲ್ಲಿ ಚೀಲವೂ ಇತ್ತು. ಸುತ್ತ ಸೇರಿದವರಿಗೆ ಅವಳೇ ವಿವರಿಸುತ್ತಿದ್ದಳು: "ಇವ ನಮ್ಮ ಬೆಳಗಿನ ಬಸ್ಸಿನವ. ಕೈ ತೋರಿಸಿದರೂ ನಿಲ್ಲಿಸುವುದಿಲ್ಲ, ಪಾಪಿ." ಅಷ್ಟು ಉದ್ದದ ಮಾತನ್ನು ಅವಳ ಬಾಯಿಂದ ನಾನು ಕೇಳಿದ್ದು ಅದೇ ಮೊದಲು. ಶಿಬಿರದ ಪ್ರಯೋಜನಕ್ಕೆ ಇದಕ್ಕಿಂತ ದೊಡ್ಡ ದಾಖಲೆ ನನ್ನಲ್ಲಿಲ್ಲ.

ಉದ್ಘಾಟನೆಯ ದಿನದ ಊಟಕ್ಕೆ ಪ್ರತಿ ಮನೆಯವರೂ ತಮ್ಮಲ್ಲಿ ಬೆಳೆದುದನ್ನು ಕಳುಹಿಸಬೇಕೆಂದು ಸುತ್ತೋಲೆ ಹೋಗಿತ್ತು. ಅದನ್ನು ಬರೆದವಳೂ ನಾನೇ. ಈ ಹುಡುಗಿಯ ತಾಯಿ ಬೀಡಿ ಕಟ್ಟುವವರು. ಅವರು ಹಿಡಿಯಿರುವ ಒಂದು ತೂಕುಪಾತ್ರೆ ತುಂಬ ಸುಲಿದ ಎಳೆ ಗೇರುಬೀಜ ಕಳುಹಿಸಿದರು. ಎಳೆ ಬೀಜವನ್ನು ಸೀಳಿ ತಿರುಳು ತೆಗೆಯುವಾಗ ಸಿಪ್ಪೆಯ ಸೊನೆ ಬೆರಳಿಗೆ ಹತ್ತುತ್ತದೆ. ಎಷ್ಟು ತೆಂಗಿನೆಣ್ಣೆ ಹಚ್ಚಿದರೂ, ಬೂದಿ ತಿಕ್ಕಿದರೂ ಚರ್ಮ ಸುಟ್ಟು ಕಪ್ಪಾಗುತ್ತದೆ. ನಾಲ್ಕೈದು ದಿನಗಳಲ್ಲಿ ಸುಲಿದು ಬರುತ್ತದೆ. ಹುಡುಗಿ ಮತ್ತು ತಾಯಿ ಎರಡು ದಿನ ಕುಳಿತು ಸುಲಿದಿದ್ದರು. ತೊಂಡೆಕಾಯಿಯ ಜೊತೆ ಅದರ ಪಲ್ಯವಾಯಿತು. ದೂರದ ನಗರದಿಂದ ಬಂದಿದ್ದ ಶಿಬಿರದ ನಿರ್ದೇಶಕರು ಆ ಪಲ್ಯವನ್ನು ಮೂರು ಸಲ ಹಾಕಿಸಿಕೊಂಡರು. "ಏನ್ರೀ ಇದು, ಇಂಥದ್ದು ತಿಂದೇ ಇರ್ಲಿಲ್ಲ!" ಎಂದರು. ನಾವೆಲ್ಲ ಹೆಮ್ಮೆಯಿಂದ ನಕ್ಕೆವು.

ನಾಲ್ಕನೆಯ ದಿನ ಬೆಳಿಗ್ಗೆ ಮಕ್ಕಳು ಸಭಾಂಗಣದಲ್ಲಿ ಆವೆಮಣ್ಣು ತುಂಬಿದ ತೊಟ್ಟಿಯ ಸುತ್ತ ಕುಳಿತಿದ್ದಾಗ ನಿರ್ದೇಶಕರ ದೃಷ್ಟಿ ಅವಳ ಬೆರಳುಗಳ ಮೇಲೆ ಬಿತ್ತು.

"ಏ ಪುಟ್ಟಿ, ಕೈ ತೆಗಿ. ಏನಿದು?"

"ಬೀಜದ್ದು" ಎಂದಳು.

"ಬೀಜ ಅಂದ್ರೆ? ಎಷ್ಟು ದಿನದಿಂದ ಹೀಗಿದೆ?"

ಅವಳು ನನ್ನ ಕಡೆ ನೋಡಿದಳು. ತೊಟ್ಟಿಯ ಆಚೆ ಇದ್ದ ನಾಲ್ಕೈದು ಮಕ್ಕಳು ತಮ್ಮ ಕೈಗಳನ್ನು ಮೆಲ್ಲನೆ ಬೆನ್ನ ಹಿಂದೆ ಸರಿಸಿದುದನ್ನು ನಾನು ಕಂಡೆ. ಅವರೂ ಬೀಜ ಸುಲಿದವರೇ.

"ಸರ್, ಅದು ಗೇರುಬೀಜದ ಸೊನೆ..." ಎಂದು ನಾನು ಆರಂಭಿಸಿದೆ.

"ಟೀಚರ್, ನಾನೂ ಮಕ್ಕಳನ್ನ ಸಾಕಿದೋನು. ಇದು ಹರಡೋ ಕಾಯಿಲೆ. ಅಷ್ಟೂ ಮಕ್ಕಳು ಒಂದೇ ತೊಟ್ಟಿಗೆ ಕೈ ಹಾಕ್ತಾರೆ. ನಾಳೆ ಹೆಚ್ಚುಕಮ್ಮಿ ಆದ್ರೆ ನೀವು ಉತ್ತರ ಕೊಡ್ತೀರಾ?"

ಅವರಿಗೆ ತಿಳಿದಿರಲಿಲ್ಲ. ತಿಳಿಯದವರ ಮೇಲೆ ನನಗೆ ಹೆಚ್ಚಿನ ಸಿಟ್ಟಿಲ್ಲ. ಪಕ್ಕದಲ್ಲಿಯೇ ನಿಂತಿದ್ದ ಸಂಘದ ಅಂದಿನ ಅಧ್ಯಕ್ಷರು ಇದೇ ಮಣ್ಣಿನಲ್ಲಿ ಹುಟ್ಟಿ ಬೆಳೆದವರು. ಅವರು ನನ್ನನ್ನು ಜಗಲಿಗೆ ಕರೆದರು.

"ಅದು ಬೀಜದ್ದು ಅಂತ ನನಗೆ ಗೊತ್ತಿಲ್ವಾ ಟೀಚರೇ? ಸಣ್ಣದಿರುವಾಗ ನನ್ನ ತುಟಿ ಎಷ್ಟು ಸಲ ಸುಟ್ಟಿದೆ! ಆದರೆ ಆ ಜನ ಸಿಟ್ಟು ಮಾಡಿಕೊಂಡು ಬಸ್ಸು ಹತ್ತಿದರೆ ಇನ್ನು ಆರು ದಿನ ಈ ಮಕ್ಕಳನ್ನು ಕುಣಿಸುವುದು ಯಾರು? ನೀವಾ, ನಾನಾ?"

"ಹುಡುಗಿಗೆ ಏನು ಹೇಳುವುದು?"

"ಒಂದು ಕಾಗದ ಬರೆಯಿರಿ ಮಾರಾಯ್ರೆ. ಡಾಕ್ಟ್ರ ಸರ್ಟಿಫಿಕೇಟ್ ತರಲಿ, ಮತ್ತೆ ಬರಲಿ. ಅದರಲ್ಲಿ ಏನು ಹೋಗ್ತದೆ?"

ನಾನು ಬರೆದೆ. "ತಮ್ಮ ಮಗಳಾದ ಸದರಿ ವಿದ್ಯಾರ್ಥಿನಿಯ ಕೈಗಳಲ್ಲಿ ಚರ್ಮರೋಗದ ಲಕ್ಷಣಗಳು ಕಂಡುಬಂದಿರುವ ಹಿನ್ನೆಲೆಯಲ್ಲಿ, ಇತರ ಮಕ್ಕಳ ಹಿತದೃಷ್ಟಿಯಿಂದ, ವೈದ್ಯರ ಪ್ರಮಾಣಪತ್ರವನ್ನು ಹಾಜರುಪಡಿಸುವವರೆಗೆ..." ಒಂದು ಅಕ್ಷರವೂ ತಪ್ಪಿಲ್ಲ, ಒಂದು ಕಡೆಯೂ ಕಾಟು ಹಾಕಿಲ್ಲ. ಪ್ರತಿ ಬೇಸಿಗೆಯಲ್ಲಿ ನನ್ನ ತಾಯಿಯ ಜೊತೆ ಕುಳಿತು ಬೀಜ ಸುಲಿದು, ಇದೇ ರೀತಿ ಚರ್ಮ ಎಬ್ಬಿಸಿಕೊಂಡ ಬೆರಳುಗಳಿಂದಲೇ ಬರೆದೆ. ಹುಡುಗಿ ಪತ್ರವನ್ನು ಎರಡು ಕೈಗಳಲ್ಲಿ ಹಿಡಿದುಕೊಂಡು ಊಟದ ಮೊದಲಿನ ಬಸ್ಸಿಗೆ ಹೋದಳು.

ಮರುದಿನ ಬೆಳಿಗ್ಗೆ ಅವಳ ತಾಯಿ ಶಿಬಿರದ ಗೇಟಿನ ಬಳಿ ನನಗಾಗಿ ಕಾಯುತ್ತಿದ್ದರು. ಪತ್ರ ಕೈಯಲ್ಲಿತ್ತು.

"ಎಂಚಿನ ಟೀಚರೇ ಉಂದು?" ಇದೇನೆಂದು ತುಳುವಿನಲ್ಲಿ ಕೇಳಿದವರು, ಪತ್ರ ಕನ್ನಡದಲ್ಲಿದ್ದುದರಿಂದಲೋ ಏನೋ, ಕನ್ನಡಕ್ಕೇ ಬಂದರು. "ಎರಡು ಸಲ ಓದಿದೆ. ರೋಗ ಅಂತ ಉಂಟು. ಇದನ್ನು ಬರೆದದ್ದು ನೀವಾ?"

"ಹೌದು."

"ನಿಮ್ಮ ಮನೆಯಲ್ಲಿ ಬೀಜ ಸುಲಿಯುವುದಿಲ್ವಾ?"

"ಸುಲಿಯುತ್ತೇವೆ."

"ಮತ್ತೆ?"

ಅವರು ತಮ್ಮ ಎರಡೂ ಕೈಗಳನ್ನು ನನ್ನ ಮುಖದ ಮುಂದೆ ಹಿಡಿದರು. ಅಲ್ಲಿಯೂ ಅದೇ ಕಪ್ಪು, ಅದೇ ಸುಲಿದ ಚರ್ಮ.

"ಇದೂ ರೋಗವಾ? ಹಾಗಾದರೆ ನಾನು ಕಟ್ಟಿದ ಬೀಡಿ ಸೇದಿದವರಿಗೆಲ್ಲ ಬಂದಿರಬೇಕು. ಮೊನ್ನೆ ಆ ಸರ್ ಮೂರು ಸಲ ಹಾಕಿಸಿಕೊಂಡು ತಿಂದರಂತಲ್ಲ, ಅವರ ಹೊಟ್ಟೆಯನ್ನೂ ಒಮ್ಮೆ ಡಾಕ್ಟ್ರಿಗೆ ತೋರಿಸಲಿ."

"ಒಂದು ಸರ್ಟಿಫಿಕೇಟ್ ತಂದರೆ ಸಾಕಂತೆ" ಎಂದೆ. ಹೇಳಿದ ಕೂಡಲೇ ನನ್ನ ಮಾತು ನನಗೇ ಅಸಹ್ಯವಾಯಿತು.

"ತರ್ತೇನೆ. ಅವಳಿಗೆ ಆ ಮಣ್ಣು ಬೇಕಂತೆ. ನಿನ್ನೆಯಿಂದ ಸರಿ ಊಟ ಮಾಡಲಿಲ್ಲ. ಅವಳಿಗೆ ಬೇಡವಾಗಿದ್ದರೆ ನಿಮ್ಮ ಕಾಗದವನ್ನು ಒಲೆಗೆ ಹಾಕ್ತಿದ್ದೆ."

ಅಂದು ಬೆಳ್ತಂಗಡಿಯ ಆಸ್ಪತ್ರೆಯಲ್ಲಿ ವೈದ್ಯರಿರಲಿಲ್ಲ. ಮರುದಿನ ಸರದಿ ಬರುವಾಗ ಮಧ್ಯಾಹ್ನ ದಾಟಿತ್ತು. ಹೀಗೆ ತಾಯಿಯ ಎರಡು ದಿನದ ಬೀಡಿ ಬಾಕಿಯಾಯಿತು, ಹುಡುಗಿಯ ಎರಡು ದಿನದ ಶಿಬಿರ ಹೋಯಿತು. ಆ ಎರಡು ದಿನಗಳಲ್ಲಿ ನಾನು ಶಿಬಿರದಲ್ಲಿ ಮಕ್ಕಳಿಗೆ ಹಾಡು ಹೇಳಿಕೊಡುತ್ತಿದ್ದೆ ಎಂಬುದನ್ನು ಬರೆಯಲು ನಾಚಿಕೆಯಾಗುತ್ತದೆ. ಅಧ್ಯಕ್ಷರು ನನ್ನನ್ನು ಕಂಡಾಗಲೆಲ್ಲ "ಎಲ್ಲ ಚಂದ ನಡೀತಾ ಉಂಟಲ್ಲ ಟೀಚರೇ" ಎನ್ನುತ್ತಿದ್ದರು. ಅಡುಗೆಯವರಿಗೆ ಗೊತ್ತಿತ್ತು, ಬಡಿಸುವವರಿಗೆ ಗೊತ್ತಿತ್ತು, ವಂದನಾರ್ಪಣೆ ಮಾಡಲಿದ್ದವರಿಗೂ ಗೊತ್ತಿತ್ತು. ವೇಣೂರಿನಲ್ಲಿ ಗೇರುಬೀಜದ ಸೊನೆಯನ್ನು ಗುರುತಿಸಲಾರದವನು ಯಾರಿದ್ದಾನೆ? ಊರಿಗೆ ಊರೇ, ಅತಿಥಿಗೆ ಬೇಸರವಾಗಬಾರದೆಂದು ಹತ್ತು ವರ್ಷದ ಮಗುವಿಗೆ ರೋಗವಿದೆಯೆಂದು ಒಪ್ಪಿಕೊಂಡಿತು. ಇದನ್ನು ನಾವು ಮರ್ಯಾದೆ ಎಂದು ಕರೆಯುತ್ತೇವೆ. ಅತಿಥಿಗೆ ಒಂದು ಮಾತು ತಿಳಿಸಿ ಹೇಳುವುದು ಅವಮರ್ಯಾದೆಯಂತೆ. ಒಂದು ಹುಡುಗಿಯನ್ನು ಬಸ್ಸು ಹತ್ತಿಸುವುದು ಅಲ್ಲವಂತೆ!

ಏಳನೆಯ ದಿನ ತಾಯಿ ಮಗಳನ್ನು ಕರೆದುಕೊಂಡು ಬಂದರು. ಪ್ರಮಾಣಪತ್ರವನ್ನು ನನ್ನ ಕೈಗೆ ಕೊಟ್ಟರು.

"ಡಾಕ್ಟ್ರು ನಗಾಡಿದರು. ಗೇರುಬೀಜಕ್ಕೆ ಸರ್ಟಿಫಿಕೇಟ್ ಬರೆಯುವುದು ಇದೇ ಮೊದಲು ಅಂದರು. ಈ ಕಾಗದ ಬರೆದವರು ಯಾವ ಊರಿನವರು ಅಂತ ಕೇಳಿದರು."

"ನೀವೇನು ಹೇಳಿದಿರಿ?"

"ಗೊತ್ತಿಲ್ಲ ಅಂದೆ. ಮತ್ತೆ ಏನು ಹೇಳುವುದು? ನಮ್ಮ ಟೀಚರ್ ಅಂತ ಹೇಳುವುದಾ?"

ಅವರು ಬಸ್ಸಿಗೆ ಹೋದರು. ಹುಡುಗಿ ಜಗಲಿಯಲ್ಲಿ ಚಪ್ಪಲಿ ಬಿಟ್ಟು ನನ್ನೆದುರು ನಿಂತಳು. ಯಾರೂ ಕೇಳದೆಯೇ ಎರಡೂ ಅಂಗೈಗಳನ್ನು ಮುಂದೆ ಚಾಚಿದಳು. ಹಳೆಯ ಚರ್ಮ ಹೆಚ್ಚುಕಡಿಮೆ ಉದುರಿತ್ತು. ಕೆಳಗಿನದು ಎಳೆಯದಾಗಿ, ಕೆಂಪಗೆ ಕಾಣುತ್ತಿತ್ತು.

"ಕೈ ತೋರಿಸುವುದು ಬೇಡ ಮಗಾ, ಒಳಗೆ ಹೋಗು."

"ನೋಡಿ ಟೀಚರೇ. ಪುನಃ ಕಾಗದ ಬಂದರೆ ಅಮ್ಮನಿಗೆ ಬೀಡಿ ಕಟ್ಟಲಿಕ್ಕೆ ಆಗುವುದಿಲ್ಲ."

ನಾಲ್ಕನೆಯ ದಿನವೇ ಬರಬೇಕಾಗಿದ್ದ ಸಿಟ್ಟು ನನಗೆ ಆಗ ಬಂತು. ಪ್ರಮಾಣಪತ್ರವನ್ನು ಹಿಡಿದುಕೊಂಡು ಸಭಾಂಗಣಕ್ಕೆ ಹೋದೆ. ನಿರ್ದೇಶಕರು ಅದನ್ನು ಓದಿ, ಮಡಚಿ, ಕಡತದೊಳಗೆ ಇಟ್ಟುಕೊಂಡು, "ಸರಿ, ಬರ್ಲಿ ಬಿಡಿ" ಎಂದರು. ನಾನು ಅಲ್ಲಿಂದ ಕದಲಲಿಲ್ಲ. ಮಕ್ಕಳ ಕಡೆ ತಿರುಗಿ, ಅಧ್ಯಕ್ಷರಿಗೂ ಕೇಳಿಸುವಂತೆ ಗಟ್ಟಿಯಾಗಿ ಹೇಳಿದೆ: "ಇವಳಿಗೆ ಯಾವ ರೋಗವೂ ಇರಲಿಲ್ಲ. ಅದು ಬೀಜದ ಸೊನೆ. ನನಗೆ ಗೊತ್ತಿತ್ತು. ಗೊತ್ತಿದ್ದೂ ಸುಳ್ಳು ಕಾಗದ ಬರೆದದ್ದು ನಾನು. ನಿಮ್ಮಲ್ಲಿ ಬೀಜ ಸುಲಿದವರು ಯಾರೆಲ್ಲ ಇದ್ದೀರಿ? ಕೈ ತೋರಿಸಿ."

ಒಬ್ಬರೂ ತೋರಿಸಲಿಲ್ಲ. ಕೆಲವರು ಅಂಗೈಗಳನ್ನು ತೊಡೆಯ ಕೆಳಗೆ ಸೇರಿಸಿಕೊಂಡು ಕುಳಿತರು. ಅಧ್ಯಕ್ಷರು ಕಿಟಕಿಯ ಹೊರಗೆ ನೋಡುತ್ತಿದ್ದರು.

"ಟೀಚರ್, ಟೈಮ್ ಆಗ್ತಿದೆ" ಎಂದರು ನಿರ್ದೇಶಕರು.

ಅಷ್ಟರಲ್ಲಿ ಹುಡುಗಿ ತೊಟ್ಟಿಯ ಬಳಿ ಬಂದು ಕುಳಿತಿದ್ದಳು. ಕೈಗಳು ಮಡಿಲಲ್ಲಿದ್ದವು.

"ಮುಟ್ಟು" ಎಂದೆ.

ಅವಳು ನನ್ನ ಕಡೆ ನೋಡಲಿಲ್ಲ. ನಿರ್ದೇಶಕರ ಮುಖವನ್ನೇ ನೋಡುತ್ತಾ ಕಾದಳು. ಅವರು ತಲೆಯಾಡಿಸಿದ ಮೇಲೆಯೇ ಅವಳ ಕೈ ಮಣ್ಣಿಗೆ ಇಳಿಯಿತು.