ಒಂದಕ್ಷರವೂ ತಪ್ಪದ ವರದಿ

ಹೋದ ತಿಂಗಳು ಸಿಂಧನೂರಿನಲ್ಲಿ ಒಂದು ಗುಜರಿ ಅಂಗಡಿಯ ಮುಂದೆ ಆಟೊಗೆ ಕಾಯುತ್ತ ನಿಂತಿದ್ದೆ. ಅಂಗಡಿಯವನು ಎಲ್ಲಿಂದಲೋ ತಂದ ಹಳೆಯ ಟೈಪ್‌ರೈಟರುಗಳನ್ನು ನೆಲಕ್ಕೆ ಸುರಿದುಕೊಂಡು, ತುಕ್ಕು ಹಿಡಿದ ಸ್ಕ್ರೂಗಳನ್ನು ಬಿಚ್ಚಲು ಸೀಮೆಎಣ್ಣೆ ಹಾಕುತ್ತಿದ್ದ. ಸೀಮೆಎಣ್ಣೆಗೆ ರಿಬ್ಬನ್ನಿನ ಶಾಯಿಯ ವಾಸನೆ ಬೆರೆತು ಮೂಗಿಗೆ ಬಡಿಯಿತು. ಆಟೊ ಬಂತು, ಹೋಯಿತು. ನಾನು ಹತ್ತಲಿಲ್ಲ. ಲಿಂಗಸುಗೂರಿನ ನಮ್ಮ ಟೈಪಿಂಗ್ ಮಾಸ್ತರರು ಅಲ್ಲೇ ಎಲ್ಲೋ ಪಕ್ಕದಲ್ಲಿ ನಿಂತಿದ್ದಾರೆ ಅನ್ನಿಸಿತ್ತು...

ಎಂಬತ್ತರ ದಶಕದ ಮಾತು. ಪಿಯುಸಿ ಮುಗಿಸಿದ್ದ ನಾನು ಮಸ್ಕಿಯಿಂದ ದಿನವೂ ಬೆಳಗಿನ ಬಸ್ಸಿಗೆ ಲಿಂಗಸುಗೂರಿಗೆ ಹೋಗಿ ಅವರ ಹತ್ತಿರ ಇಂಗ್ಲಿಷ್ ಟೈಪಿಂಗ್ ಕಲಿಯುತ್ತಿದ್ದೆ. ಎರಡೇ ಕೋಣೆಯ ಮನೆ. ಮುಂದಿನ ಕೋಣೆಯಲ್ಲಿ ಏಳು ಯಂತ್ರಗಳು, ಹಿಂದಿನದರಲ್ಲಿ ಮಾಸ್ತರರು ಮತ್ತು ಅವರ ಹೆಂಡತಿ. ಮಕ್ಕಳಿರಲಿಲ್ಲ. ಮಾಸ್ತರರು ಸಂತೆಕಲ್ಲೂರಿನವರು. ನಿಜಾಮರ ಕಾಲದಲ್ಲಿ ಉರ್ದು ಮಾಧ್ಯಮದಲ್ಲಿ ಓದಿದವರು. ಆದರೆ ಅವರ ಇಂಗ್ಲಿಷ್ ಕೇಳಿದರೆ ತಾಲ್ಲೂಕು ಕಚೇರಿಯ ಸಾಹೇಬರೂ ಒಂದು ಕ್ಷಣ ನೆಟ್ಟಗೆ ಕೂರುತ್ತಿದ್ದರು. ಇಸ್ತ್ರಿ ಮಾಡಿದ ಖಾಕಿ ಪ್ಯಾಂಟು, ತೋಳು ಮಡಚದ ಬಿಳಿ ಅಂಗಿ, ಕೋಲಿನಂತೆ ನೆಟ್ಟಗಿನ ಬೆನ್ನು. ದೊಡ್ಡ ಯುದ್ಧದಲ್ಲಿ, ಬ್ರಿಟಿಷರ ವಿಮಾನದಳದಲ್ಲಿ, ಬರ್ಮಾ ಗಡಿಯಲ್ಲಿ ಗುಮಾಸ್ತರಾಗಿದ್ದರಂತೆ ಎನ್ನುವುದಷ್ಟೇ ನಮಗೆ ಗೊತ್ತಿದ್ದದ್ದು.

ತಪ್ಪು ಎಂದರೆ ಅವರಿಗೆ ಆಗುತ್ತಿರಲಿಲ್ಲ. ಪುಟದ ಕೊನೆಯ ಸಾಲಿನಲ್ಲಿ ಒಂದಕ್ಷರ ತಪ್ಪಿದರೂ ಹಾಳೆಯನ್ನು ಎಳೆದು, "ಮತ್ತ ಮೊದಲಿಂದ ಹೊಡಿ" ಎನ್ನುತ್ತಿದ್ದರು. ಬೈಯುತ್ತಿರಲಿಲ್ಲ. ಕಾಗದದ ಕೆಳಗೆ ಎಡಮೂಲೆಯಲ್ಲಿ ಟೈಪ್ ಮಾಡಿದವರ ಹೆಸರಿನ ಮೊದಲಕ್ಷರಗಳನ್ನು ಹಾಕಿಸದೆ ಬಿಡುತ್ತಿರಲಿಲ್ಲ. "ಸಹಿ ಯಾರದರ ಇರಲಿ. ಹೊಡದಾಕಿ ಯಾರಂತ ಗೊತ್ತಾಗಬೇಕು" ಎನ್ನುವುದು ಅವರ ಮಾತು. ಅಭ್ಯಾಸದ ಪುಸ್ತಕದಲ್ಲಿ ಒಂದೇ ಒಂದು ಪುಟವನ್ನು ಅವರು ಯಾರಿಗೂ ಮಾಡಿಸುತ್ತಿರಲಿಲ್ಲ. ಅದು ಸತ್ತವರ ಮನೆಗೆ ಬರೆಯುವ ಸಂತಾಪ ಪತ್ರದ ಮಾದರಿ. "ಆ ಪಾನು ಬಿಡು, ಮುಂದಿಂದು ತಗಿ" ಎನ್ನುತ್ತಿದ್ದರು. ಯಾಕೆಂದು ನಾವು ಕೇಳಲಿಲ್ಲ.

ನಾನು ಪರೀಕ್ಷೆ ಪಾಸಾದೆ. ಸಿಂಧನೂರಿನ ಒಂದು ಕಚೇರಿಯಲ್ಲಿ ಟೈಪಿಸ್ಟ್ ಕೆಲಸವೂ ಸಿಕ್ಕಿತು. ಮಸ್ಕಿಯಿಂದ ಪೂರ್ವಕ್ಕೆ ಹೋದರೆ ಸಿಂಧನೂರು, ಪಶ್ಚಿಮಕ್ಕೆ ಹೋದರೆ ಲಿಂಗಸುಗೂರು. ಹೀಗಾಗಿ ವಾರದ ಆರು ದಿನ ನನ್ನ ಬಸ್ಸು ಮಾಸ್ತರರಿಗೆ ಬೆನ್ನು ಹಾಕಿ ಓಡುತ್ತಿತ್ತು. ಹೋಗಿಬರುವುದು ಕಡಿಮೆಯಾಯಿತು. ಕೆಲವು ವರ್ಷಗಳ ಮೇಲೆ ಅವರಿಗೆ ಲಕ್ವಾ ಹೊಡೆದು ಬಲಗೈ ಬಿದ್ದುಹೋಯಿತೆಂದೂ ಕಲಿಸುವುದನ್ನು ನಿಲ್ಲಿಸಿದ್ದಾರೆಂದೂ ಯಾರೋ ಹೇಳಿದರು. ಒಮ್ಮೆ ಹೋಗಿ ನೋಡಿಕೊಂಡು ಬಂದೆ. ಬಾಳೆಹಣ್ಣು ಒಯ್ದಿದ್ದೆ. ಅಷ್ಟೇ.

ಅದಾದ ಮೇಲೆ ಒಂದು ದಿನ ಬಸ್ಸಿನ ಕಂಡಕ್ಟರ್ ನನ್ನನ್ನು ಗುರುತು ಹಿಡಿದು, "ಅಕ್ಕಾರ, ಲಿಂಗಸುಗೂರಿನ ಟೈಪ್ ಮಾಸ್ತರು ಭಾನುವಾರ ಬಂದು ಹೋಗು ಅಂತ ಹೇಳ್ಯಾರ ನೋಡ್ರಿ" ಎಂದ. ಹೋದೆ. ಮಾಸ್ತರರು ಹಗ್ಗದ ಹೊರಸಿನ ಮೇಲೆ ಗೋಡೆಗೊರಗಿ ಕೂತಿದ್ದರು. ಎಡಗೈಯಲ್ಲಿ ಒಂದು ಲಕೋಟೆ.

"ಕುಂದ್ರು ತಂಗಿ" ಎಂದರು. "ಇದನ್ನ ಓದು. ಜೋರಾಗಿ ಓದು, ನಿಮ್ಮ ದೊಡ್ಡವ್ವನೂ ಕೇಳ್ಲಿ."

ದೊಡ್ಡವ್ವ ಎಂದರೆ ಅವರ ಹೆಂಡತಿ. ಆಕೆಗೆ ಇಂಗ್ಲಿಷ್ ಬರುತ್ತಿರಲಿಲ್ಲ. ಆದರೂ ಬಾಗಿಲಿಗೆ ಬಂದು ನಿಂತರು. ಪತ್ರ ಪುಣೆಯಿಂದ ಬಂದಿತ್ತು, ಬರೆದವರು ಒಬ್ಬ ಮುದುಕಿ. ಯುದ್ಧದಲ್ಲಿ ತೀರಿಕೊಂಡ ಸ್ಕ್ವಾಡ್ರನ್ ಲೀಡರನ, ಎಂದರೆ ಮಾಸ್ತರರು ಕೆಲಸ ಮಾಡಿದ್ದ ವಿಮಾನ ತುಕಡಿಯ ಮುಖ್ಯಸ್ಥನ, ಹೆಂಡತಿ ಆಕೆ. ಗಂಡನ ಹಳೆಯ ಗೆಳೆಯರೊಬ್ಬರು ಈಚೆಗೆ ಆಕೆಗೆ ಒಂದು ವರದಿಯ ನಕಲು ಕಳಿಸಿದ್ದರಂತೆ. ಹವಾಮಾನ ಕೆಟ್ಟಿದೆ ಎಂದು ಎಚ್ಚರಿಕೆ ಇದ್ದರೂ ಆಕೆಯ ಗಂಡ ತನ್ನದೇ ತೀರ್ಮಾನದಿಂದ ಇಬ್ಬರು ಎಳೆಯ ಪೈಲಟ್‌ಗಳನ್ನು ಹಾರಲು ಕಳಿಸಿದ, ಅವರು ಸತ್ತರು ಎಂದು ಅದರಲ್ಲಿ ಬರೆದಿತ್ತು. ಪತ್ರದ ಕೊನೆಯಲ್ಲಿ ಆಕೆ ಕೇಳಿದ್ದರು: "ಕೆಳಗೆ ಎಡಮೂಲೆಯಲ್ಲಿರುವ ಅಕ್ಷರಗಳು ನಿಮ್ಮ ಹೆಸರಿನವು ಎಂದು ಗೆಳೆಯರು ಹೇಳಿ, ವಿಳಾಸ ಕೊಟ್ಟರು. ಇದನ್ನು ಟೈಪ್ ಮಾಡಿದವರು ನೀವು. ಇದು ನಿಜವೇ? ನನಗೆ ವಯಸ್ಸಾಗಿದೆ. ನಿಜ ಏನಿದ್ದರೂ ತಿಳಿದುಕೊಂಡು ಹೋಗುತ್ತೇನೆ."

ನಾನು ಓದಿ ಮುಗಿಸಿದೆ. ಮಾಸ್ತರರು ಕಣ್ಣು ಮುಚ್ಚಿಕೊಂಡಿದ್ದರು.

"ಸುಳ್ಳು ಐತಿ ತಂಗಿ" ಎಂದರು. "ಎಲ್ಲಾ ಸುಳ್ಳು. ನಾನ ಹೊಡದೀನಿ."

ಆ ದಿನ ಮಧ್ಯಾಹ್ನದವರೆಗೂ ಅವರು ಹೇಳಿದರು. ಗಡಿಯ ಗುಡ್ಡಗಳ ನಡುವೆ ವಿಮಾನಗಳಿಗೆ ಮಣ್ಣಿನ ಓಡುದಾರಿ, ಬಿದಿರಿನ ಗುಡಿಸಲಿನಲ್ಲಿ ಕಚೇರಿ. ಮಾಸ್ತರರಿಗಾಗ ಇಪ್ಪತ್ತು ವರ್ಷ. ಅವರ ಸಾಹೇಬರಿಗೆ, ಎಂದರೆ ಆ ಸ್ಕ್ವಾಡ್ರನ್ ಲೀಡರನಿಗೆ, ಇಪ್ಪತ್ತೆಂಟು. ಹಿರಿಯ ಅಧಿಕಾರಿ ಎಂದರೆ ತಲೆ ನರೆತವರು ಎಂದುಕೊಂಡಿದ್ದ ನನಗೆ ಆಶ್ಚರ್ಯವಾಯಿತು. "ಅಷ್ಟ ವಯಸ್ಸು ನೋಡು. ಅವ್ರ ಕೈಕೆಳಗಿನ ಹುಡುಗ್ರಿಗೆ ಇನ್ನೂ ಮೀಸಿ ಬಂದಿದ್ದಿಲ್ಲ" ಎಂದರು ಮಾಸ್ತರರು. ವಿಮಾನವೊಂದು ಮರಳದಿದ್ದರೆ ಆ ಹುಡುಗನ ಮನೆಗೆ ಪತ್ರ ಬರೆಯುವುದು ಸಾಹೇಬರ ಕೆಲಸ. ಅವರು ಗುಡಿಸಲಿನ ತುಂಬ ಅಡ್ಡಾಡುತ್ತ ಹೇಳುತ್ತಿದ್ದರು, ಮಾಸ್ತರರು ಟೈಪ್ ಮಾಡುತ್ತಿದ್ದರು. ಒಂದು ಪತ್ರದ ಮಾತು ಇನ್ನೊಂದರಲ್ಲಿ ಬರಕೂಡದು ಎಂದು ಸಾಹೇಬರ ಹಟ. "ಆ ಹುಡುಗನ ಬಗ್ಗೆ ಅವರವ್ವಗಷ್ಟ ಗೊತ್ತಿರೋದು ಪತ್ರದಾಗ ಒಂದಾದ್ರೂ ಇರಬೇಕು, ಹುಡುಕ್ಕೊಂಡು ಬಾ" ಎಂದು ಮಾಸ್ತರರನ್ನು ಓಡಿಸುತ್ತಿದ್ದರಂತೆ. ಮಾಸ್ತರರು ಹೋಗಿ, ಸತ್ತವನ ಜೊತೆಗಾರರನ್ನು ಕೇಳಿ ಬರುತ್ತಿದ್ದರು. ಒಬ್ಬ ನಿದ್ದೆಯಲ್ಲಿ ತಂಗಿಯನ್ನು ಕರೆಯುತ್ತಿದ್ದ. ಒಬ್ಬ ಚಹಾಕ್ಕೆ ಉಪ್ಪು ಹಾಕಿಕೊಳ್ಳುತ್ತಿದ್ದ...

ಒಂದು ದಿನ ಬೆಳಿಗ್ಗೆ ಮಳೆ. ಮೋಡ ಗುಡ್ಡದ ಕೆಳಗಿಳಿದಿತ್ತು. ಮೇಲಿನ ಕಚೇರಿಯಿಂದ ದೊಡ್ಡ ಅಧಿಕಾರಿಯ ಫೋನು ಬಂತು. ಕಣಿವೆಯಾಚೆ ಶತ್ರುಗಳು ಎಲ್ಲಿದ್ದಾರೆಂದು ನೋಡಿಬರಲು ಎರಡು ವಿಮಾನ ಕಳಿಸು ಎಂದು. ಸಾಹೇಬರು ಆಗುವುದಿಲ್ಲ ಎಂದರು. ಅರ್ಧ ತಾಸಿಗೆ ಮತ್ತೆ ಫೋನು, ಮತ್ತೆ ಆಗುವುದಿಲ್ಲ ಎಂದರು. ಮೂರನೆಯ ಸಲ ಆ ಅಧಿಕಾರಿ, "ನಿನ್ನ ಹುಡುಗರಿಗೆ ಹೆದರಿಕೆ ಎಂದಾದರೆ ಬರೆದು ಕಳಿಸು. ಇಲ್ಲವಾದರೆ ಇದು ಹುಕುಂ" ಎಂದ. ಬಂದ ಪ್ರತಿಯೊಂದು ಫೋನನ್ನೂ ವೇಳೆ ಸಮೇತ ದಾಖಲೆ ಪುಸ್ತಕದಲ್ಲಿ ಬರೆಯುವುದು ಮಾಸ್ತರರ ಕೆಲಸವಾಗಿತ್ತು. ಮೂರನ್ನೂ ಬರೆದರು. ಸಾಹೇಬರು ಎದ್ದು ಹೊರಗೆ ಹೋಗಿ ಇಬ್ಬರನ್ನು ಕರೆದರು. ಇಬ್ಬರೂ ಹಾರಿದರು. ಇಬ್ಬರೂ ಮರಳಲಿಲ್ಲ.

ಆ ಸಂಜೆ ಪತ್ರಕ್ಕೆಂದು ಮಾಸ್ತರರು ಹಾಳೆ ಏರಿಸಿಕೊಂಡು ಕೂತರೆ, ಸಾಹೇಬರು "ಇವತ್ತು ಬೇಡ" ಎಂದರಂತೆ. ಮರುದಿನ ಮೋಡ ಕೊಂಚ ಸರಿದಾಗ, ಹುಡುಗರನ್ನು ಹುಡುಕಲು ತಾವೇ ಒಂದು ವಿಮಾನ ಹತ್ತಿದರು. ಅವರೂ ಮರಳಲಿಲ್ಲ.

ನಾಲ್ಕು ದಿನಗಳ ಮೇಲೆ ಆ ದೊಡ್ಡ ಅಧಿಕಾರಿಯೇ ಜೀಪಿನಲ್ಲಿ ಬಂದ. ದಾಖಲೆ ಪುಸ್ತಕ ತರಿಸಿಕೊಂಡು, ಆ ದಿನದ ಪುಟವನ್ನು ಬ್ಲೇಡಿನಿಂದ ಕೊಯ್ದು ಜೇಬಿನಲ್ಲಿಟ್ಟುಕೊಂಡ. ಮಾಸ್ತರರನ್ನು ಕೂರಿಸಿ ವರದಿ ಹೇಳಿ ಬರೆಸಿದ. ಫೋನಿನ ಮಾತೇ ಇಲ್ಲ. ತಪ್ಪೆಲ್ಲ ಸತ್ತ ಸಾಹೇಬರದ್ದು.

"ನಾ ಒಂದು ಮಾತು ಆಡ್ಲಿಲ್ಲ ತಂಗಿ" ಎಂದರು ಮಾಸ್ತರರು. "ಹೆದರಿದ್ನಿ. ಹೆದರಿಕಿಗೆ ಕೈ ನಡುಗಿದ್ರೂ ಒಂದು ಸಮಾಧಾನ ಇರ್ತಿತ್ತು. ನಡುಗಲಿಲ್ಲ. ಒಂದಕ್ಷರನೂ ತಪ್ಪಲಿಲ್ಲ. ನನ್ನ ಹೆಸರಿನ ಅಕ್ಷರನೂ ಕೆಳಗ ಹೊಡದ್ನಿ, ರೂಢಿಲೆ. ಅವ ಹಾಳಿ ನೋಡಿ, ಚಂದ ಹೊಡದಿ ಅಂದ. ಮುಂದಿನ ತಿಂಗಳು ನನಗ ಬಡ್ತಿ ಬಂತು."

ಬಾಗಿಲಲ್ಲಿ ನಿಂತಿದ್ದ ದೊಡ್ಡವ್ವ ಸೆರಗು ಬಾಯಿಗೊತ್ತಿಕೊಂಡಿದ್ದರು. ಮದುವೆಯಾಗಿ ಅಷ್ಟು ವರ್ಷವಾದರೂ ಆಕೆಯೂ ಇದನ್ನು ಕೇಳಿದ್ದು ಅದೇ ಮೊದಲು.

"ಆ ತಾಯಿಗೆ ನಿಜ ಬರೀಬೇಕು" ಎಂದರು ಮಾಸ್ತರರು. "ಮಾತು ಹೊಂದಿಸ್ಕೊಳ್ಳಾಕ ನನಗೊಂದು ವಾರ ಬೇಕು. ಬರೋ ಭಾನುವಾರ ಬರ್ತೀ ಏನು? ನಾ ಹೇಳ್ತೀನಿ, ನೀ ಹೊಡಿ. ಬ್ಯಾರೇದವ್ರ ಮುಂದ ಇದನ್ನ ಹೇಳಾಕ ನನ್ನ ಕೈಲಿ ಆಗೂದಿಲ್ಲ."

"ಬರ್ತೀನ್ರಿ ಸರ್" ಎಂದೆ.

ಹೋಗಲಿಲ್ಲ. ಮೊದಲ ಭಾನುವಾರ ಚಿಕ್ಕಪ್ಪನ ಮಗಳ ಮದುವೆಗೆ ಸೀರೆ ತೆಗೆಯಲು ರಾಯಚೂರಿಗೆ ಹೋದೆ. ಎರಡನೆಯ ಭಾನುವಾರ ನೆಗಡಿ, ಬಸ್ಸಿನ ಗಾಳಿ ಬೇಡ ಎಂದು ಮಲಗಿದೆ. ಮೂರನೆಯದೂ ಹೋಯಿತು. ನಲವತ್ತು ವರ್ಷಕ್ಕೂ ಮೇಲಾದ ಮಾತು, ಇನ್ನೊಂದು ವಾರ ತಡವಾದರೆ ಏನು ಎಂದುಕೊಂಡಿದ್ದೆ.

ನಾಲ್ಕನೆಯ ಭಾನುವಾರ ಹೋದಾಗ ಹೊರಸಿನ ಮುಂದೆ ಸ್ಟೂಲಿನ ಮೇಲೆ ಒಂದು ಯಂತ್ರ ಇತ್ತು. ನೆಲದ ತುಂಬ ಹರಿದ ಹಾಳೆಗಳು.

"ದಿನಾ ಒಂದ ಕೈಲೆ ಹೊಡಿಯಾಕತ್ತಾರ, ಹರಿಯಾಕತ್ತಾರ" ಎಂದರು ದೊಡ್ಡವ್ವ. ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು.

ನಾನೊಂದು ಹಾಳೆ ಎತ್ತಿಕೊಂಡೆ. ಅರ್ಧ ಪುಟ. ಸಾಲುಗಳು ಸರಿಯಾಗಿಯೇ ಇದ್ದವು. ಅಲ್ಲಲ್ಲಿ ಅಕ್ಷರ ಹಿಂದುಮುಂದಾಗಿತ್ತು, ಅಷ್ಟೇ.

"ಹಿಂಗ ಕಳಿಸಿಬಿಡಬೇಕಿತ್ರಿ ಸರ್, ತಿಳಿತಿತ್ತು."

"ತಪ್ಪು ಇರೋ ಹಾಳಿ ಹೆಂಗ ಕಳಿಸ್ಲಿ?" ಎಂದರು. "ಸುಳ್ಳು ಅಷ್ಟು ಚಂದ ಹೊಡದು, ಖರೇದನ್ನ ಹಿಂಗ ಹೊಡೀಲೇನು?"

ಆವತ್ತು ಎರಡು ಪುಟ ಟೈಪ್ ಮಾಡಿದೆವು. ಮೂರು ಫೋನು, ಕೊಯ್ದ ಪುಟ, ಹೇಳಿ ಬರೆಸಿದ ವರದಿ, ತಮ್ಮ ಹೆದರಿಕೆ, ಬಡ್ತಿ, ಒಂದನ್ನೂ ಅವರು ಬಿಡಲಿಲ್ಲ. ಕ್ಷಮಿಸಿ ಎಂದು ಮಾತ್ರ ಬರೆಸಲಿಲ್ಲ. ಹಾಕಲೇ ಎಂದು ನಾನೇ ಕೇಳಿದೆ. "ಬ್ಯಾಡ. ಹಂಗ ಬರದ್ರ ಕ್ಷಮಾ ಮಾಡೋ ಕೆಲಸನೂ ಆ ತಾಯಿ ಮ್ಯಾಲ ಹಾಕಿದಂಗ ಆಗ್ತದ" ಎಂದರು. ಎಡಗೈಯಲ್ಲಿ ಸಹಿ ಮಾಡಿದರು. ಮರುದಿನ ಸಿಂಧನೂರಿನಲ್ಲಿ ನಾನೇ ರಿಜಿಸ್ಟರ್ ಮಾಡಿಸಿದೆ.

ಉತ್ತರ ಬಂದದ್ದು ಮಗಳಿಂದ. ಅದನ್ನೂ ನಾನೇ ಓದಿದೆ. ಪತ್ರ ತಲುಪುವ ಒಂಬತ್ತು ದಿನ ಮೊದಲು ತಾಯಿ ತೀರಿಕೊಂಡಿದ್ದರು. ಕೊನೆಯ ವಾರಗಳಲ್ಲಿ ದಿನವೂ, ಟಪಾಲು ಬಂತೇ ಎಂದು ಕೇಳುತ್ತಿದ್ದರಂತೆ.

ಒಂಬತ್ತು ದಿನ. ನನ್ನ ಮೂರು ಭಾನುವಾರ. ಲೆಕ್ಕ ನನಗೆ ಆ ಕ್ಷಣವೇ ಹೊಳೆಯಿತು. ಮುಂದೆ ಓದಲಾಗಲಿಲ್ಲ. ಅಲ್ಲೇ ನೆಲದ ಮೇಲೆ ಕುಸಿದು ಅತ್ತೆ. ಮಾಸ್ತರರು ಎಡಗೈಯನ್ನು ನನ್ನ ತಲೆಯ ಮೇಲಿಟ್ಟರು.

"ಅಳಬ್ಯಾಡ ತಂಗಿ. ನೀ ಮೂರು ವಾರ ತಡ ಮಾಡೀದಿ. ನಾ ನಲವತ್ತು ವರ್ಷದ ಮ್ಯಾಲ ತಡ ಮಾಡೀನಿ. ಯಾರದು ದೊಡ್ಡದು ಹೇಳು?"

ಪತ್ರದ ಉಳಿದ ಭಾಗವನ್ನು ಎಷ್ಟೋ ಹೊತ್ತಿನ ಮೇಲೆ ಓದಿದೆ. ಮಗಳು ಬರೆದಿದ್ದರು: "ಅಪ್ಪ ಹೋದ ನಾಲ್ಕು ತಿಂಗಳಿಗೆ ನಾನು ಹುಟ್ಟಿದೆ. ನಿಮ್ಮ ಪತ್ರವನ್ನು ಅಮ್ಮನ ಫೋಟೊದ ಮುಂದೆ ಜೋರಾಗಿ ಓದಿದೆ. ನನಗೆ ಅಪ್ಪನ ಯುದ್ಧದ ಸಂಗತಿ ಸಾಕು. ಅವರು ಹೇಗಿದ್ದರು ಎಂದು ಬರೆಯುತ್ತೀರಾ? ಏನಾದರೂ. ಎಷ್ಟು ಸಣ್ಣದಾದರೂ."

ಮಾಸ್ತರರು ಅತ್ತದ್ದು ಆಗ. ಸತ್ತ ಹುಡುಗರ ಬಗ್ಗೆ ಅಂಥ ಸಣ್ಣ ಸಂಗತಿಗಳನ್ನು ಹುಡುಕಿ ತರುತ್ತಿದ್ದವರು ಅವರೇ. ಆದರೆ ಸಾಹೇಬರ ಮನೆಗೆ ಮಾತ್ರ ಅಂಥ ಪತ್ರ ಹೋಗಿರಲಿಲ್ಲ. ಅದನ್ನು ಹೇಳಿ ಬರೆಸುವವರೇ ಇರಲಿಲ್ಲ.

"ಯಂತ್ರ ತಗಿ" ಎಂದರು.

ನಿಮ್ಮ ತಂದೆಗೆ ಶಿಳ್ಳೆ ಹಾಕುವ ಹುಚ್ಚಿತ್ತು, ರಾಗ ಒಂದೂ ಸರಿ ಬರುತ್ತಿರಲಿಲ್ಲ. ಕಪ್ಪೆ ಕಂಡರೆ ಮೇಜಿನ ಮೇಲೆ ಕಾಲೆತ್ತಿಕೊಳ್ಳುತ್ತಿದ್ದರು. ನಿಮ್ಮ ತಾಯಿಯ ಪತ್ರ ಬಂದ ದಿನ ಅದನ್ನು ತಕ್ಷಣ ಒಡೆಯದೆ, ಕೆಲಸ ಮುಗಿಯುವ ತನಕ ಅಂಗಿಯ ಜೇಬಿನಲ್ಲಿಟ್ಟುಕೊಂಡು ಆಗಾಗ ಮುಟ್ಟಿ ನೋಡುತ್ತಿದ್ದರು. ಮಗುವಾಗಲಿದೆ ಎಂಬ ಸುದ್ದಿ ಬಂದ ದಿನ ಕಚೇರಿಯಲ್ಲಿ ನನ್ನ ಕೈ ಕುಲುಕಿದರು, ಬೇರೆ ಯಾರೂ ಇರಲಿಲ್ಲವಾದ್ದರಿಂದ... ಹೀಗೆ ನಾಲ್ಕು ಪುಟ. ಕಣ್ಣೀರಿಗೆ ಕೀಲಿಗಳು ಕಾಣದೆ ನಾನು ಎಷ್ಟೋ ಕಡೆ ತಪ್ಪು ಹೊಡೆದೆ. ಮತ್ತೆ ಮೊದಲಿಂದ ಹೊಡಿ ಎಂದು ಅವರು ಹೇಳಲಿಲ್ಲ. "ಇರ್ಲಿ ಬಿಡು. ಹಂಗ ಹೋಗ್ಲಿ" ಎಂದರು.

ಮಾಸ್ತರರು ತೀರಿಕೊಂಡದ್ದು ಅದರ ಮರುವರ್ಷ. ಸುದ್ದಿ ನನಗೆ ಮುಟ್ಟುವಷ್ಟರಲ್ಲಿ ಮಣ್ಣು ಆಗಿ ನಾಲ್ಕು ದಿನವಾಗಿತ್ತು. ಹೋದಾಗ ದೊಡ್ಡವ್ವ ನನ್ನ ಕೈ ಹಿಡಿದು, "ನಿನ್ನ ಕೇಳಿದ್ರವ್ವಾ" ಎಂದರು. ಏನು ಕೇಳಿದರು ಎಂದು ನಾನು ವಿಚಾರಿಸಲಿಲ್ಲ. ಆಕೆಯೂ ಹೇಳಲಿಲ್ಲ. ಈಗ ಆಕೆಯೂ ಇಲ್ಲ.

ನಾನು ನಿವೃತ್ತಳಾಗಿ ಸಿಂಧನೂರಿನಲ್ಲೇ ಉಳಿದುಕೊಂಡಿದ್ದೇನೆ. ಮಾಸ್ತರರ ತಪ್ಪಿಗೆ ಹೆದರಿಕೆಯಾದರೂ ಕಾರಣವಿತ್ತು. ಎದುರಿಗೆ ದೊಡ್ಡ ಅಧಿಕಾರಿ ನಿಂತಿದ್ದ, ಅವರಿಗೆ ಇಪ್ಪತ್ತು ವರ್ಷ. ನನ್ನೆದುರು ಯಾರೂ ನಿಂತಿರಲಿಲ್ಲ. ಮೊದಲ ಭಾನುವಾರ ಸೀರೆ, ಎರಡನೆಯ ಭಾನುವಾರ ನೆಗಡಿ. ಮೂರನೆಯ ಭಾನುವಾರ ನಾನು ಏನು ಮಾಡಿದೆ ಎನ್ನುವುದು ಮಾತ್ರ ಎಷ್ಟು ಯೋಚಿಸಿದರೂ ನೆನಪಿಗೆ ಬರುತ್ತಿಲ್ಲ. ಮನೆಯಲ್ಲೇ ಇದ್ದೆ ಎಂದು ಕಾಣುತ್ತದೆ.